ಹರಿದ್ರೆಯ ಒಡ್ಡಿಗೆ ರೊಕ್ಕ ಕೊಟ್ಟವರು ಯಾರು?

ಭಾನುವಾರ ಸಂಜೆ ದಾವಣಗೆರೆಯ ಗಾಜಿನ ಮನೆ ಕಡೆ ಹೋಗಿ ಬಂದವರಿಗೆ ಅಲ್ಲಿನ ಗದ್ದಲ ವರ್ಣಿಸಬೇಕಾಗಿಲ್ಲ. ಕುಂದವಾಡ ಕೆರೆಯ ಬಳಿ, ಲಾಲ್‌ಬಾಗಿನ ಗಾಜಿನ ಮನೆಯನ್ನೇ ಮಾದರಿಯಾಗಿಟ್ಟುಕೊಂಡು ಕಟ್ಟಿದ ಕಟ್ಟಡ ಅದು. ಫಲಪುಷ್ಪ ಪ್ರದರ್ಶನ ಬಂತೆಂದರೆ ಹೆಂಗಸರು, ಮಕ್ಕಳು, ಹಳ್ಳಿಯಿಂದ ಬಂದ ನೆಂಟರು, ಎಲ್ಲರೂ ಅಲ್ಲಿಗೇ. ಹೂವು ನೋಡಿ, ಫೋಟೋ ತೆಗೆಸಿಕೊಂಡು, ಬರುವಾಗ ಮಂಡಕ್ಕಿ ಮಿರ್ಚಿ ತಿಂದು ಮನೆ ಸೇರಿದರೆ ಭಾನುವಾರ ಮುಗಿಯಿತು.

ಆದರೆ ಈ ಊರಿಗೆ ತೋಟ ಬಂದದ್ದು ಯಾವಾಗ ಎಂದು ಹತ್ತು ಜನರನ್ನು ಕೇಳಿ ನೋಡಿ. ಒಂಬತ್ತು ಜನ ಗಾಜಿನ ಮನೆಯತ್ತ ಕೈ ತೋರಿಸುತ್ತಾರೆ. ಹತ್ತನೆಯವನು ಚನ್ನಗಿರಿ ಕಡೆ ಅಡಿಕೆ ವ್ಯಾಪಾರ ಮಾಡುವವನಾಗಿದ್ದರೆ ನಗುತ್ತಾನೆ. ‘ಅದು ಪಾರ್ಕ್ ಕಣ್ರೀ, ತೋಟ ಅಂದ್ರೆ ಅಡಿಕೆ ತೋಟ!’ ಅನ್ನುತ್ತಾನೆ. ಅವನ ಮಾತಿನಲ್ಲಿ ಅರ್ಧ ಸತ್ಯವಿದೆ. ಉಳಿದರ್ಧ ಹರಿಹರದ ಗುಡಿಯ ಕಲ್ಲುಗಳಲ್ಲಿದೆ.

ಇಂಥ ಪ್ರಶ್ನೆಗಳನ್ನು ಕೇಳಿ, ಉತ್ತರ ಹುಡುಕುವುದೇ ಕೆಲವರಿಗೆ ಕಸುಬು. ರಾಜರ ಚರಿತ್ರೆ ಬರೆಯುವವರು, ಗುಡಿಗಳ ಚರಿತ್ರೆ ಬರೆಯುವವರು ಇರುವ ಹಾಗೆ ತೋಟದ ಚರಿತ್ರೆ, ಬಯಲಿನ ಚರಿತ್ರೆ ಬರೆಯುವವರೂ ಇದ್ದಾರೆ. ಇಂಗ್ಲೆಂಡಿನಲ್ಲಿ ಹಾಸ್ಕಿನ್ಸ್ ಎಂಬ ವಿದ್ವಾಂಸರು 1955ರಲ್ಲಿ ತಮ್ಮ ದೇಶದ ನೆಲ ಹೇಗೆ ಈಗಿನ ರೂಪಕ್ಕೆ ಬಂತು ಎಂದು ಒಂದು ಪುಸ್ತಕ ಬರೆದರು. ಹೊಲದ ಬೇಲಿ, ಕಾಲುದಾರಿ, ಹಳ್ಳದ ತಿರುವು ಇವೂ ದಾಖಲೆಗಳೇ ಎಂಬುದು ಅವರ ವಾದ. ಹತ್ತು ವರ್ಷ ಕಳೆದು, 1965ರಲ್ಲಿ, ಅಲ್ಲಿ ತೋಟದ ಚರಿತ್ರೆಗೆಂದೇ ಒಂದು ಸಂಘ ಹುಟ್ಟಿತು. 1981ರಲ್ಲಿ ಇಟಲಿಯ ಫ್ಲಾರೆನ್ಸಿನಲ್ಲಿ ದೇಶ ದೇಶಗಳ ತಜ್ಞರು ಸೇರಿ, ಹಳೆಯ ತೋಟವನ್ನೂ ಹಳೆಯ ಗುಡಿಯಂತೆಯೇ ಸ್ಮಾರಕವೆಂದು ಕಾಪಾಡಬೇಕು, ಆದರೆ ಅದು ಬೆಳೆಯುವ, ಸಾಯುವ ಸ್ಮಾರಕ ಎಂಬುದನ್ನು ಮರೆಯಬಾರದು ಎಂದು ಬರೆದಿಟ್ಟರು. ಕಲ್ಲಿನ ಗುಡಿ ನೂರು ವರ್ಷ ಬೀಗ ಹಾಕಿದರೂ ನಿಂತಿರುತ್ತದೆ. ತೋಟಕ್ಕೆ ಒಂದು ಬೇಸಿಗೆ ನೀರು ತಪ್ಪಿದರೆ ಕಥೆ ಮುಗಿಯಿತು.

ಕನ್ನಡ ನಾಡಿನಲ್ಲಿ ಇಂಥ ಕೆಲಸ ಜಾಸ್ತಿ ನಡೆದಿರುವುದು ಎರಡು ಕಡೆ. ಒಂದು ಹಂಪಿ. ಅಲ್ಲಿ ಅಮೆರಿಕದ ಕ್ಯಾಥ್ಲೀನ್ ಮಾರಿಸನ್ ಮೊದಲಾದವರು ವರ್ಷಗಟ್ಟಲೆ ನಡೆದಾಡಿ ವಿಜಯನಗರದ ಕಾಲದ ಕೆರೆ, ಕಾಲುವೆ, ಹೊಲಗಳನ್ನು ಗುರುತು ಹಾಕಿದರು. ಇನ್ನೊಂದು ಬೆಂಗಳೂರಿನ ಲಾಲ್‌ಬಾಗು. 1760ರಲ್ಲಿ ಹೈದರಾಲಿ ಅಡಿಪಾಯ ಹಾಕಿದ ತೋಟ ಅದು. 1856ರಲ್ಲಿ ಸರ್ಕಾರಿ ಸಸ್ಯತೋಟವಾಯಿತು. 1889ರ ನವೆಂಬರ್ 30ರಂದು ವಿಕ್ಟೋರಿಯಾ ರಾಣಿಯ ಮೊಮ್ಮಗ ಆಲ್ಬರ್ಟ್ ವಿಕ್ಟರ್ ಬಂದು ಗಾಜಿನ ಮನೆಗೆ ಕಲ್ಲಿಟ್ಟು ಹೋದ. ಜರ್ಮನಿಯ ಕ್ರುಂಬಿಗಲ್ 1908ರಲ್ಲಿ ಮೈಸೂರು ಸಂಸ್ಥಾನದ ಕೆಲಸಕ್ಕೆ ಸೇರಿ, 1932ರಲ್ಲಿ ನಿವೃತ್ತಿಯಾಗಿ, 1956ರಲ್ಲಿ ಬೆಂಗಳೂರಿನಲ್ಲೇ ತೀರಿಕೊಂಡರು. ಒಂದು ಜಾತಿಯ ಮರ ಹೂ ಉದುರಿಸುವ ಹೊತ್ತಿಗೆ ಇನ್ನೊಂದು ಅರಳಬೇಕು ಎಂಬ ಲೆಕ್ಕದಲ್ಲಿ ಬೀದಿ ಬೀದಿಗೆ ಮರ ಹಾಕಿಸಿದ ಮಹಾನುಭಾವರು. ಇದನ್ನೆಲ್ಲ ಹುಡುಕಿ, ಜೋಡಿಸಿ ಬರೆದವರಿಂದಾಗಿಯೇ ಇವತ್ತು ಲಾಲ್‌ಬಾಗಿನ ಒಂದು ಮರ ಕಡಿಯಲು ಹೋದರೂ ಊರು ಎದ್ದು ನಿಲ್ಲುತ್ತದೆ.

ಹೈದರಾಲಿಯ ಹೆಸರು ಬಂತು. ದಾವಣಗೆರೆಯ ಲೆಕ್ಕದಲ್ಲೂ ಅವನ ಹೆಸರಿದೆ. ಬೆಂಗಳೂರಿನಲ್ಲಿ ಬಾಗು ಮಾಡಿಸಿದ ಅದೇ ಹೈದರ್, ಆಗ ಸಣ್ಣ ಹಳ್ಳಿಯಾಗಿದ್ದ ದಾವಣಗೆರೆಯನ್ನು ಅಪೋಜಿರಾಮ ಎಂಬ ಮರಾಠ ಸರದಾರನಿಗೆ ಜಹಗೀರು ಕೊಟ್ಟ. ಅಪೋಜಿರಾಮ ವ್ಯಾಪಾರಸ್ಥರನ್ನು ಕರೆತಂದು ನೆಲೆಗೊಳಿಸಿದ. ಪೇಟೆ ಬೆಳೆಯಿತು, ಕಂಬಳಿ ವ್ಯಾಪಾರ ಬೆಳೆಯಿತು. ಒಬ್ಬನೇ ದೊರೆ, ಬೆಂಗಳೂರಿಗೆ ತೋಟ, ದಾವಣಗೆರೆಗೆ ಪೇಟೆ! ಮಂಡಿಪೇಟೆಯ ಸಾಹುಕಾರರು ಇದನ್ನು ಲಾಭದ ಖಾತೆಗೆ ಹಾಕುತ್ತಾರೋ ನಷ್ಟದ ಖಾತೆಗೋ, ಅವರಿಗೇ ಬಿಟ್ಟದ್ದು.

ಪಹಣಿಯೊಳಗಿನ ‘ಬಾಗು’

ಹಾಗಾದರೆ ಬಯಲಿನ ಚರಿತ್ರೆ ಬರೆಯುವವರು ದಾವಣಗೆರೆ ಬಸ್ ಸ್ಟ್ಯಾಂಡಿನಲ್ಲಿ ಇಳಿದರೆ ಮೊದಲು ಎಲ್ಲಿಗೆ ಹೋಗಬೇಕು? ಗಾಜಿನ ಮನೆಗಂತೂ ಬೇಡ. ತಾಲ್ಲೂಕು ಕಚೇರಿಗೆ ಹೋಗಬೇಕು.

ಜಮೀನು ಇದ್ದವರೆಲ್ಲ ಪಹಣಿ ನೋಡಿರುತ್ತಾರೆ. ತರಿ, ಖುಷ್ಕಿ, ಬಾಗಾಯ್ತು ಎಂಬ ಮೂರು ಮಾತು ಅದರಲ್ಲಿ ಬರುತ್ತವೆ. ನೀರಾವರಿ ಗದ್ದೆ ತರಿ, ಮಳೆ ನಂಬಿದ ಹೊಲ ಖುಷ್ಕಿ, ತೋಟ ಬಾಗಾಯ್ತು. ಲಾಲ್‌ಬಾಗಿನ ‘ಬಾಗ್’ ಇದೆಯಲ್ಲ, ಪಹಣಿಯ ‘ಬಾಗಾಯ್ತು’ ಹುಟ್ಟಿದ್ದೂ ಅದೇ ಪಾರಸಿ ಶಬ್ದದಿಂದ. ಒಂದು ಸುಲ್ತಾನರ ವಿಹಾರಕ್ಕೆ, ಇನ್ನೊಂದು ಶಾನುಭೋಗರ ಕಂದಾಯಕ್ಕೆ! ಮೈಸೂರು ಸೀಮೆಯಲ್ಲಿ 1863ರಿಂದ ಮುಂಬಯಿ ಮಾದರಿಯ ರೆವಿನ್ಯೂ ಸರ್ವೆ ಶುರುವಾದ ಮೇಲೆ ಯಾವ ನಂಬರಿನಲ್ಲಿ ಬಾವಿ, ಯಾವುದರಲ್ಲಿ ಮರ, ಎಲ್ಲಿ ಹಳ್ಳ, ಎಲ್ಲಿ ದಾರಿ ಎಂಬುದೆಲ್ಲ ಕಾಗದಕ್ಕೆ ಇಳಿಯಿತು. ಗ್ರಾಮನಕ್ಷೆ ಹರಡಿ ಕೂತರೆ ಗುಂಡುತೋಪು, ಗೋಮಾಳ, ಕೆರೆ ಅಂಗಳ, ಹಳ್ಳದ ಖರಾಬು ಎಲ್ಲವೂ ಕಾಣುತ್ತವೆ. ಆ ನಕ್ಷೆ ಹಿಡಿದು ಈಗಿನ ಬಡಾವಣೆಯಲ್ಲಿ ನಡೆದರೆ ಯಾರ ಮನೆ ಹಳ್ಳದ ಮೇಲೆ ನಿಂತಿದೆ ಎಂಬುದೂ ಕಾಣುತ್ತದೆ. ಈ ಚರಿತ್ರೆಯ ಕಸುಬು ಎಲ್ಲರಿಗೂ ಹಿಡಿಸುವುದಿಲ್ಲ, ಅದಕ್ಕೆ ಇದೂ ಒಂದು ಕಾರಣ ಇದ್ದೀತು.

ಕಾಗದ ಸಾಲದ ಕಡೆ ಹೆಸರು ನೋಡಬೇಕು. ಹೊಂಡದ ಸರ್ಕಲ್ ಎನ್ನುವಾಗ ಆಟೋದವರು ಸರ್ಕಲ್ಲನ್ನು ನೋಡುತ್ತಾರೆ, ಚರಿತ್ರೆಯವರು ಹೊಂಡವನ್ನು ನೋಡುತ್ತಾರೆ. ದಾವಣಗೆರೆಯ ಹೆಸರಿನಲ್ಲೇ ಕೆರೆ ಕೂತಿದೆ. ಕುದುರೆ ಕಟ್ಟುವ ದಾವಣಿಯಿಂದ ಹೆಸರು ಬಂತು ಎನ್ನುವವರಿದ್ದಾರೆ, ದಣಿವು ಕಳೆವ ಕೆರೆ ಎನ್ನುವವರೂ ಇದ್ದಾರೆ. ದವನದ ಗಿಡಕ್ಕೆ ಗಂಟು ಹಾಕುವ ರಸಿಕರಿಗೂ ಬರವಿಲ್ಲ. ಇನ್ನು ಹರಿಹರ. ಪುರಾಣ ಹೇಳುವವರು ಅದನ್ನು ಗುಹಾಸುರನ ಕಾಡು, ಗುಹಾರಣ್ಯ ಎನ್ನುತ್ತಾರೆ. ಹಳೆಯ ಇನ್ನೊಂದು ಹೆಸರು ಕೂಡಲೂರು. ಎರಡು ನೀರು ಕೂಡುವ ಜಾಗ ಎಂದು ಅರ್ಥ. ತುಂಗಭದ್ರೆ ಒಂದು, ಅದು ಎಲ್ಲರಿಗೂ ಗೊತ್ತು. ಇನ್ನೊಂದು ಯಾವುದು ಸ್ವಾಮಿ ಎಂದರೆ ಬಸ್ಸಿನಲ್ಲಿ ಕೂತವರು ಮುಖ ಮುಖ ನೋಡಿಕೊಳ್ಳುತ್ತಾರೆ. ಅದೇ ಹರಿದ್ರೆ, ಜನರ ಬಾಯಲ್ಲಿ ಸೂಳೆಕೆರೆ ಹಳ್ಳ.

ಹಳ್ಳದ ಹುಟ್ಟು ಚನ್ನಗಿರಿ ತಾಲ್ಲೂಕಿನ ಸೂಳೆಕೆರೆಯಲ್ಲಿ. ರೈಸ್ ದೊರೆಗಳ ಗೆಜೆಟಿಯರು ಈ ಕೆರೆಗೆ 40 ಮೈಲಿ ಸುತ್ತಳತೆ ಹೇಳುತ್ತದೆ. ಏರಿಯ ಉದ್ದ ಮಾತ್ರ ಸಾವಿರ ಅಡಿಯೊಳಗೆ! ಎರಡು ಗುಡ್ಡಗಳ ನಡುವಿನ ಇಕ್ಕಟ್ಟು ಹುಡುಕಿ, ಅಲ್ಲಿ ಮಾತ್ರ ಭಾರಿ ಅಗಲದ ಏರಿ ಹಾಕಿ, ಇಡೀ ಕಣಿವೆಯ ನೀರು ನಿಲ್ಲಿಸಿದ ಆ ಕಾಲದ ಜಾಣತನಕ್ಕೆ ಬ್ರಿಟಿಷ್ ಇಂಜಿನಿಯರುಗಳೂ ತಲೆದೂಗಿದರು. ಸಿದ್ಧನಾಲೆ, ಬಸವನಾಲೆ ಎಂಬ ಎರಡು ಕಾಲುವೆ ಅದರಿಂದ ಹೊರಡುತ್ತವೆ. ಕಟ್ಟಿಸಿದವಳು ಶಾಂತವ್ವೆ ಎಂಬ ರಾಜಕುಮಾರಿ, ಮುಳುಗಿದ ನೆಲ ವೇಶ್ಯೆಯರದಾಗಿತ್ತು, ಕೆರೆಗೆ ತಮ್ಮ ಹೆಸರಿರಬೇಕೆಂದು ಅವರು ಕೇಳಿದರು ಎಂಬುದು ಜನ ಹೇಳುವ ಕಥೆ. ಸರ್ಕಾರಿ ಫಲಕಗಳಲ್ಲಿ ಈಗ ‘ಶಾಂತಿಸಾಗರ’ ಎಂದಿದೆ. ಬಾಯಿಗೆ ಮುಜುಗರವಾಗುವ ಹೆಸರು ಹೋಗಿ ಸಭ್ಯ ಹೆಸರು ಬಂತು, ಸರಿ. ನೆಲ ಕೊಟ್ಟವರ ಗುರುತು ಮಾತ್ರ ಫಲಕದಿಂದ ಅಳಿಯಿತು. ಕಂಡಕ್ಟರುಗಳು ಇವತ್ತಿಗೂ ಸೂಳೆಕೆರೆ ಎಂದೇ ಕೂಗುತ್ತಾರೆ. ಚರಿತ್ರೆಯನ್ನು ಕಾಪಾಡುವ ಕೆಲಸ ಕೆಲವೊಮ್ಮೆ ಕಂಡಕ್ಟರುಗಳ ಪಾಲಿಗೂ ಬರುತ್ತದೆ.

ಕಲ್ಲಿನ ಕರಾರು

ಹರಿಹರೇಶ್ವರ ಗುಡಿಗೆ ಬರೋಣ. ಹೊಯ್ಸಳ ಎರಡನೇ ನರಸಿಂಹನ ದಂಡನಾಯಕ ಪೋಲಾಳ್ವ ಕಟ್ಟಿಸಿದ್ದು, 1224ರ ಸುಮಾರಿಗೆ. ಯಾತ್ರಿಕರು ಅರ್ಧ ಹರಿ, ಅರ್ಧ ಹರನಾದ ಮೂರ್ತಿಯನ್ನು ನೋಡಿ ಕೈಮುಗಿದು ಹೊರಡುತ್ತಾರೆ. ಆದರೆ ಹರಿಹರದ ಶಾಸನಗಳನ್ನು ಓದಿದವರಿಗೆ ಬೇರೆಯೇ ಒಂದು ವ್ಯವಹಾರ ಸಿಗುತ್ತದೆ.

ವಿಜಯನಗರದ ಮೊದಲನೇ ದೇವರಾಯನ ಕಾಲ, ಕ್ರಿ.ಶ. 1410. ಹರಿಹರದ ಬ್ರಾಹ್ಮಣರು ಹರಿದ್ರಾ ನದಿಗೆ ಸ್ವಂತ ಖರ್ಚಿನಲ್ಲಿ ಒಡ್ಡು ಕಟ್ಟಿ ಕಾಲುವೆ ತೆಗೆಯುತ್ತಾರೆ. ಕಾಲುವೆ ಹಾಯುವ ನೆಲ ದೇವರದು. ನೆಲ ಒಬ್ಬರದು, ರೊಕ್ಕ ಇನ್ನೊಬ್ಬರದು! ಇಂಥ ಪಾಲುದಾರಿಕೆಯಲ್ಲಿ ಜಗಳ ಬರುವುದು ಗ್ಯಾರಂಟಿ ಎಂಬುದು ಅಂಗಡಿ ನಡೆಸುವವರಿಗೆ ಗೊತ್ತು. ಆ ಕಾಲದವರಿಗೂ ಗೊತ್ತಿತ್ತು. ಅದಕ್ಕೇ ಕರಾರನ್ನು ಕಲ್ಲಿಗೆ ಹೊಡೆಸಿದರು. ಕಾಲುವೆಯಿಂದ ನೀರುಣ್ಣುವ ಜಮೀನಿನಲ್ಲಿ ಎರಡು ಪಾಲು ಹರಿಹರ ದೇವರಿಗೆ, ಒಂದು ಪಾಲು ಬ್ರಾಹ್ಮಣರಿಗೆ. ಮುಂದೆ ದುರಸ್ತಿ ಬಂದರೆ? ಅದಕ್ಕೂ ಲೆಕ್ಕವಿದೆ. ಎರಡು ಪಾಲು ದೇವರ ಭಂಡಾರದಿಂದ, ಒಂದು ಪಾಲು ಬ್ರಾಹ್ಮಣರಿಂದ. ಲಾಭ ಹಂಚಿಕೊಂಡ ಪ್ರಮಾಣದಲ್ಲೇ ರಿಪೇರಿ ಖರ್ಚು! ಇವತ್ತಿನ ಎಷ್ಟೋ ಕಾಮಗಾರಿಗಳ ಕಡತದಲ್ಲಿ ಕಟ್ಟುವ ಅಂದಾಜು ಇರುತ್ತದೆ, ಕಟ್ಟಿದ ಮೇಲೆ ನೋಡಿಕೊಳ್ಳುವವರು ಯಾರು ಎಂಬ ಪುಟವೇ ಇರುವುದಿಲ್ಲ. ಆರು ನೂರು ವರ್ಷದ ಹಿಂದಿನವರು ಆ ಪುಟವನ್ನು ಕಲ್ಲಿನಲ್ಲಿ ಬರೆದಿದ್ದರು.

ಇಷ್ಟಕ್ಕೇ ನಿಂತರೆ ಹಿಂದಿನವರನ್ನು ಹೊಗಳಿ ಮನೆಗೆ ಹೋಗಬಹುದಿತ್ತು. ಆದರೆ ಪಕ್ಕದಲ್ಲಿ ಇನ್ನೊಂದು ಶಾಸನವಿದೆ, 1424ರದು. ಅಷ್ಟು ಹೊತ್ತಿಗೆ ಹರಿದ್ರೆಯ ಒಡ್ಡು ಒಡೆದಿತ್ತು. ಮತ್ತೆ ಕಟ್ಟಿಸಲು ರೊಕ್ಕ ಬಂದದ್ದು ವಿಜಯನಗರದ ಸೇನಾಪತಿ ಚಾಮನೃಪನಿಂದ. ಹದಿನಾಲ್ಕೇ ವರ್ಷ! ದೇವರ ಭಂಡಾರ ಎರಡು ಪಾಲು, ಬ್ರಾಹ್ಮಣರು ಒಂದು ಪಾಲು ಎಂದು ಬರೆದದ್ದು ಒಂದು, ಒಡ್ಡು ಒಡೆದಾಗ ಕೈಚಾಚಿದ್ದು ಸರ್ಕಾರದ ಕಡೆಗೆ.

ಒಂದೇ ಶಾಸನ ಓದಿದವರು ‘ಆಹಾ, ಎಂಥಾ ವ್ಯವಸ್ಥೆ’ ಎನ್ನುತ್ತಾರೆ. ಎರಡನ್ನೂ ಓದಿದವರಿಗೆ ನಿಜವಾದ ಕಷ್ಟ ಕಾಣುತ್ತದೆ. ತೋಟದ ಚರಿತ್ರೆ ಬರೆಯುವವರ ಕಸುಬಿನ ಹೂರಣ ಇದೇ. ಯಾರು ಕಟ್ಟಿದರು ಎಂಬ ಪ್ರಶ್ನೆಗೆ ಉತ್ತರ ಸುಲಭ, ಕಟ್ಟಿದವರು ಹೆಸರು ಹಾಕಿಸಿಕೊಂಡೇ ಹೋಗಿರುತ್ತಾರೆ. ಕಟ್ಟಿದ ಮರುವರ್ಷದಿಂದ ಹೂಳು ತೆಗೆದವರು ಯಾರು, ತೂಬು ನೋಡಿಕೊಂಡವರು ಯಾರು, ಅವರ ಹೊಟ್ಟೆಗೆ ಏನು ಕೊಟ್ಟರು ಎಂಬುದೇ ಹುಡುಕಬೇಕಾದ್ದು. ಕನ್ನಡ ಶಾಸನಗಳಲ್ಲಿ ಇದಕ್ಕೆಂದೇ ಮಾತುಗಳಿವೆ. ಕೆರೆ ಕಟ್ಟಿದವರಿಗೆ, ಕಾಪಾಡುವವರಿಗೆ ಬಿಟ್ಟ ಭೂಮಿ ಕಟ್ಟುಕೊಡಗೆ. ಕೆರೆಯ ನಿರ್ವಹಣೆಗೆ ಬಿಟ್ಟದ್ದು ಬಿತ್ತುವಟ್ಟ. ಗುಡಿಯ ಪೂಜೆಗೆ ಹೂ ಬೇಕೆಂದು ಬಿಟ್ಟ ಪೂದೋಂಟಗಳೂ ಸಾಕಷ್ಟು ಬರುತ್ತವೆ. ಪೂದೋಂಟ ಅಂದರೆ ಹೂದೋಟವೇ. ಫಲಪುಷ್ಪ ಪ್ರದರ್ಶನ ಬೆಂಗಳೂರಿನಿಂದ ಬಂದಿರಬಹುದು, ಹೂವಿಗೆ ಜಮೀನು ಬಿಡುವ ಪದ್ಧತಿ ಇಲ್ಲಿನದೇ.

ಈ ಶಾಸನಗಳೆಲ್ಲ ಅಚ್ಚಾಗಿ ಸಿಗುವುದು ಬಿ.ಎಲ್. ರೈಸರ ‘ಎಪಿಗ್ರಾಫಿಯ ಕರ್ನಾಟಿಕಾ’ದ ಹನ್ನೊಂದನೆಯ ಸಂಪುಟದಲ್ಲಿ. ಆಗ ಇದೆಲ್ಲ ಚಿತ್ರದುರ್ಗ ಜಿಲ್ಲೆ. ದಾವಣಗೆರೆ ತನ್ನದೇ ಜಿಲ್ಲೆಯಾದದ್ದು 1997ರಲ್ಲಿ. ಹರಿಹರದ ಶಾಸನಗಳು ಆ ಪುಸ್ತಕದಲ್ಲಿ ದಾವಣಗೆರೆ ತಾಲ್ಲೂಕಿನ ನಂಬರಿನಲ್ಲಿ ಸೇರಿವೆ. ಹರಿಹರದವರು ಬೇಜಾರು ಮಾಡಿಕೊಳ್ಳಬಾರದು.

ಮಂಡಿಪೇಟೆ ಕಲಿಸುವ ಪಾಠ

ಶಾಸನ ಮುಗಿದ ಕಡೆ ಪ್ರವಾಸಿಗಳು ಬರುತ್ತಾರೆ. ಟಿಪ್ಪು ಬಿದ್ದ ಮರುವರ್ಷವೇ, 1800ರಲ್ಲಿ, ಮದರಾಸಿನಿಂದ ಹೊರಟ ಫ್ರಾನ್ಸಿಸ್ ಬುಕನನ್ ಎಂಬ ಸ್ಕಾಟ್ ವೈದ್ಯ ಮಲಬಾರು, ಕನ್ನಡ ಕರಾವಳಿ ಸುತ್ತಿ 1801ರಲ್ಲಿ ಹರಿಹರ, ದಾವಣಗೆರೆಗೆ ಬಂದ. ಗಿಡಮರ ಬಲ್ಲವನು, ಮುಂದೆ ಕಲ್ಕತ್ತೆಯ ಸಸ್ಯತೋಟದ ಮೇಲ್ವಿಚಾರಕನೂ ಆದ. ಇಳಿದ ಕಡೆಯೆಲ್ಲ ರೈತರನ್ನು ಕೂರಿಸಿಕೊಂಡು ಈ ಮಣ್ಣಿಗೆ ಏನಂತೀರಿ, ಏನು ಬಿತ್ತುತ್ತೀರಿ, ಎಷ್ಟು ಬರುತ್ತದೆ ಎಂದು ಕೇಳಿ ಬರೆದುಕೊಳ್ಳುವುದು ಅವನ ಪದ್ಧತಿ. ಕಂಪನಿ ಸರ್ಕಾರಕ್ಕೆ ಕಂದಾಯದ ಅಂದಾಜು ಬೇಕಿತ್ತು, ಅದು ಬೇರೆ ಮಾತು. 1807ರಲ್ಲಿ ಮೂರು ಸಂಪುಟವಾಗಿ ಅಚ್ಚಾದ ಆ ಬರಹ ಇವತ್ತು ಬಯಲಿನ ಚರಿತ್ರೆಗೆ ಹೊರಟವರಿಗೆಲ್ಲ ಕೈದೀಪ.

ಅದರ ಮುಂದಿನ ಚರಿತ್ರೆ ಮಂಡಿಪೇಟೆಯ ಹಳೇ ಗುಮಾಸ್ತರಿಗೆ ಪುಸ್ತಕವಿಲ್ಲದೆ ಗೊತ್ತು. ಎರೆಭೂಮಿ ಇದ್ದುದರಿಂದ ಹತ್ತಿ. ಹತ್ತಿ ಇದ್ದುದರಿಂದ ಜಿನ್ನು, ಆಮೇಲೆ ಗಿರಣಿ. ಗಿರಣಿ ಇದ್ದುದರಿಂದ ‘ಕರ್ನಾಟಕದ ಮ್ಯಾಂಚೆಸ್ಟರ್’ ಎಂಬ ಬಿರುದು. ಲಕ್ಕವಳ್ಳಿಯಲ್ಲಿ ಭದ್ರಾ ಅಣೆಕಟ್ಟು ಬಂದು, ಮಲೆಬೆನ್ನೂರು ನಾಲೆ, ದಾವಣಗೆರೆ ನಾಲೆಗಳಲ್ಲಿ ನೀರು ಹರಿದ ಮೇಲೆ ನೆಲದ ಬಣ್ಣವೇ ಬದಲಾಯಿತು. ಖುಷ್ಕಿ ತರಿಯಾಯಿತು, ಜೋಳದ ಹೊಲದಲ್ಲಿ ಭತ್ತ ನಿಂತಿತು. ನೀರು ಹತ್ತದ ಕಡೆ ಮೆಕ್ಕೆಜೋಳ ಹಬ್ಬಿತು. ಈಗ ಗದ್ದೆಯಲ್ಲೇ ಗುಂಡಿ ತೋಡಿ ಅಡಿಕೆ ಸಸಿ ಇಡುವ ಕಾಲ. ತರಿ ಬಾಗಾಯ್ತಾಗುತ್ತಿದೆ.

ಇಲ್ಲಿ ಒಂದು ಸೂಕ್ಷ್ಮವಿದೆ. ಭತ್ತಕ್ಕೆ ಈ ಬೇಸಿಗೆ ನೀರು ಇಲ್ಲವೆಂದರೆ ಒಂದು ಬೆಳೆ ಹೋಯಿತು ಎಂದು ರೈತ ಸುಮ್ಮನಾಗುತ್ತಾನೆ. ಅಡಿಕೆಗೆ ಹಾಗಿಲ್ಲ. ಮರ ಒಣಗಿದರೆ ಹತ್ತಾರು ವರ್ಷದ ದುಡಿಮೆ ಹೋಯಿತು. ಆದ್ದರಿಂದ ತೋಟದವನಿಗೆ ನೀರಿನ ಹಟ ಜಾಸ್ತಿ. ಕಾಲುವೆಯ ತಲೆ ಭಾಗದಲ್ಲಿ ತೋಟ ಹೆಚ್ಚಿದಷ್ಟೂ ಕೊನೆ ಭಾಗದ ಗದ್ದೆಗೆ ಕಷ್ಟ ಹೆಚ್ಚು. ‘ಕೊನೆ ಭಾಗಕ್ಕೆ ನೀರು ತಲುಪಿಲ್ಲ, ರೈತರ ಪ್ರತಿಭಟನೆ’ ಎಂಬ ಸುದ್ದಿ ಬೇಸಿಗೆಯಲ್ಲಿ ಪತ್ರಿಕೆಗೆ ಹೊಸದೇನಲ್ಲ. 1410ರಲ್ಲಿ ಎರಡು ಪಾಲು, ಒಂದು ಪಾಲು ಎಂದು ಕೂತು ತೀರ್ಮಾನಿಸಿದ್ದೂ ಇದೇ ಜಗಳವನ್ನೇ. ಆಗ ಕಾಲುವೆ ಚಿಕ್ಕದು, ಪಾಲುದಾರರು ಎರಡೇ.

ಕಾಗದದಲ್ಲಿ ಬರೆದ ಒಂದು ಶಬ್ದ ಎಷ್ಟು ಕೆಲಸ ಮಾಡುತ್ತದೆ ಎಂಬುದಕ್ಕೆ ಹೊಳೆಯಾಚೆಯ ಒಂದು ಪ್ರಕರಣವನ್ನೂ ನೆನೆಯಬೇಕು. 1984ರಲ್ಲಿ ಸರ್ಕಾರವೂ ಹರಿಹರ ಪಾಲಿಫೈಬರ್ಸ್ ಕಾರ್ಖಾನೆಯೂ ಸೇರಿ ಕರ್ನಾಟಕ ಪಲ್ಪ್‌ವುಡ್ ಎಂಬ ಕಂಪನಿ ಮಾಡಿದವು. ನೀಲಗಿರಿ ಬೆಳೆಸಲು ಸುಮಾರು 30 ಸಾವಿರ ಹೆಕ್ಟೇರ್ ಎಂದು ಯೋಜನೆ. ದಾಖಲೆಯಲ್ಲಿ ಅದು ‘ಸಿ ಮತ್ತು ಡಿ ದರ್ಜೆ’ಯ ಭೂಮಿ, ಅಂದರೆ ಉಪಯೋಗಕ್ಕಿಲ್ಲದ್ದು. ಊರವರ ಲೆಕ್ಕದಲ್ಲಿ ದನ ಮೇಯುವ, ಸೌದೆ ತರುವ ಜಾಗ. 1987ರ ನವೆಂಬರ್ 14ರಂದು ಹಾನಗಲ್ಲು ತಾಲ್ಲೂಕಿನ ಕುಸನೂರಿನಲ್ಲಿ ಜನ ಸೇರಿ ನೀಲಗಿರಿ ಸಸಿ ಕಿತ್ತು, ತಮಗೆ ಬೇಕಾದ ಗಿಡ ನೆಟ್ಟರು. ‘ಕಿತ್ತಿಕೊ ಹಚ್ಚಿಕೊ’ ಎಂದೇ ಆ ಸತ್ಯಾಗ್ರಹಕ್ಕೆ ಹೆಸರು. ಶಿವರಾಮ ಕಾರಂತರು ಮುಂದೆ ನಿಂತು ಸುಪ್ರೀಂ ಕೋರ್ಟಿಗೆ ಹೋದರು. ಕಡೆಗೆ ಕಂಪನಿಯೇ ಮುಚ್ಚಿತು. ಬೀಳು ಎಂದು ಬರೆದ ನೆಲದಲ್ಲಿ ಯಾರ ದನ ಮೇಯುತ್ತಿತ್ತು ಎಂದು ಹೇಳಬಲ್ಲವರು ಅಲ್ಲಿ ಇನ್ನೂ ಬದುಕಿದ್ದರು, ಅದಕ್ಕೇ ವಾದ ನಿಂತಿತು.

ದಾವಣಗೆರೆ–ಹರಿಹರದ ಸುತ್ತ ಹಾಗೆ ಹೇಳಬಲ್ಲವರು ವರ್ಷ ವರ್ಷಕ್ಕೆ ಕಡಿಮೆಯಾಗುತ್ತಿದ್ದಾರೆ. ನಾಲೆ ಬರುವ ಮೊದಲಿನ ಹೊಲ ನೋಡಿದವರಿಗೆ ಈಗ ಎಪ್ಪತ್ತು ಎಂಬತ್ತು ದಾಟಿದೆ. ಯಾವ ಹಳ್ಳ ಎಲ್ಲಿ ಕೂಡುತ್ತಿತ್ತು, ಯಾವ ಬಾವಿಯ ನೀರು ಸಿಹಿ, ಪಿ.ಬಿ. ರಸ್ತೆಯ ಸಾಲುಮರ ಎಲ್ಲಿಂದ ಎಲ್ಲಿಯವರೆಗಿತ್ತು ಎಂಬುದು ಅವರ ಬಾಯಲ್ಲಿದೆ. ಇದನ್ನು ಬರೆದುಕೊಳ್ಳಲು ದೊಡ್ಡ ಅನುದಾನವೇನೂ ಬೇಡ. ಒಂದು ಗ್ರಾಮನಕ್ಷೆ, ಒಂದು ನೋಟ್ ಪುಸ್ತಕ, ರಜೆಯಲ್ಲಿರುವ ನಾಲ್ಕು ಕಾಲೇಜು ಹುಡುಗರು ಸಾಕು. ಗಾಜಿನ ಮನೆಯಲ್ಲಿ ಹೂವಿನ ಆನೆ ನಿಲ್ಲಿಸುವ ಕಡೆ ಒಂದು ಮೂಲೆ ಬಿಟ್ಟು, ಸೂಳೆಕೆರೆಯಿಂದ ಹರಿಹರದವರೆಗೆ ಹರಿದ್ರೆಯ ದಾರಿ ತೋರಿಸುವ ನಕ್ಷೆ ತೂಗುಹಾಕಿದರೂ ನೋಡಲು ಜನ ಬರುತ್ತಾರೆ. ಮುಕ್ಕಾಲು ಪಾಲು ಜನಕ್ಕೆ ಆ ನದಿಯ ಹೆಸರೇ ಹೊಸದು.

ಅಷ್ಟರವರೆಗೆ ಕಾಯಲಾರದವರು ಹರಿಹರದ ಬಸ್ಸು ಹತ್ತಬಹುದು. ಹದಿನಾಲ್ಕು ಕಿಲೋಮೀಟರು, ದೊಡ್ಡಬಾತಿ ದಾಟಿದರೆ ಬಂದೇಬಿಟ್ಟಿತು. ಇಳಿದು ಹಳೇ ಊರಿನ ಕಡೆ ನಡೆದರೆ ಗುಡಿ. ದೇವರ ದರ್ಶನ ಮುಗಿಸಿ, ಆವರಣದಲ್ಲಿ ನಿಂತಿರುವ ಶಾಸನದ ಕಲ್ಲುಗಳ ಮುಂದೆ ಸ್ವಲ್ಪ ಹೊತ್ತು ನಿಲ್ಲಿ. ಹೋಗುವುದಾದರೆ ಬೆಳಿಗ್ಗೆ ಹೋಗುವುದು ಒಳ್ಳೆಯದು. ಓರೆ ಬಿಸಿಲು ಬಿದ್ದರೆ ಹಳಗನ್ನಡದ ಅಕ್ಷರ ಎದ್ದು ಕಾಣುತ್ತವೆ. ಮಧ್ಯಾಹ್ನ ಹೋದವರಿಗೆ ಬರೀ ಕಲ್ಲು.